ಮೂರು ತಾಲ್ಲೂಕು, ಒಂದು ಸಿನಿಮಾ

ಮಕ್ಕಳೇ, ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನಲ್ಲಿ 1950ರಲ್ಲಿ ಹುಟ್ಟಿದ ಗಿರೀಶ್ ಕಾಸರವಳ್ಳಿ ಮಣಿಪಾಲದಲ್ಲಿ ಔಷಧಶಾಸ್ತ್ರ ಓದಿದವರು. ಮನಸ್ಸು ಮಾತ್ರ ಸಿನಿಮಾದ ಕಡೆಗೆ. ಪುಣೆಗೆ ಹೋಗಿ ಅದನ್ನೇ ಕಲಿತರು. ‘ಘಟಶ್ರಾದ್ಧ’, ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ ಈ ನಾಲ್ಕಕ್ಕೂ ದೇಶದ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಬಂತು.

ನನಗೆ ಹೆಚ್ಚು ಇಷ್ಟ ‘ದ್ವೀಪ’. ಕಥೆ ಸಾಗರದ ನಾ. ಡಿಸೋಜ ಅವರದು, ಚಿತ್ರಕಥೆ ಕಾಸರವಳ್ಳಿಯವರದೇ. ಅಣೆಕಟ್ಟಿನ ನೀರು ಏರುತ್ತದೆ, ಊರವರು ಗಂಟುಮೂಟೆ ಕಟ್ಟುತ್ತಾರೆ. ಮನೆ ಉಳಿಸಲು ಹೆಣಗುವವಳು ನಾಗಿ. ಗಂಡ ಗಣಪನೋ ‘ದೇವರು ಕಾಪಾಡಿದ’ ಎಂದುಬಿಡುತ್ತಾನೆ! ನಾಗಿಯ ಆ ಮುಖ ನನಗಿನ್ನೂ ಮರೆತಿಲ್ಲ.

ಇದು ಬರೀ ಕಥೆಯಲ್ಲ. 1964ರಲ್ಲಿ ಮುಗಿದ ಲಿಂಗನಮಕ್ಕಿ ಅಣೆಕಟ್ಟಿನಿಂದ ಸಾಗರ, ಹೊಸನಗರದ ಎಷ್ಟೋ ಹಳ್ಳಿಗಳು ಮುಳುಗಿದವು. ಅವುಗಳ ಹೆಸರನ್ನು ಅಜ್ಜ ಅಜ್ಜಿಯರ ಹತ್ತಿರ ಕೇಳಿ, ಬರೆದಿಡಿ.