ಛಾವಣಿಯ ಬಿಸಿಲು ಯಾರದು?

ಬಿಸಿಲಿಗೆ ಕಂದಾಯವಿಲ್ಲ, ಸುಂಕವಿಲ್ಲ. ಅದು ಗುಡಿಸಲಿನ ಮೇಲೂ ಬೀಳುತ್ತದೆ, ಮಹಲಿನ ಮೇಲೂ ಬೀಳುತ್ತದೆ ಎಂದು ನಾವು ಹೇಳುತ್ತ ಬಂದಿದ್ದೇವೆ. ಮಾತು ಸತ್ಯವೇ. ಆದರೆ ಅದು ನೆಲದ ಮೇಲೆ ಅಕ್ಕಪಕ್ಕದಲ್ಲಿ ಮನೆ ಕಟ್ಟಿಕೊಂಡು ಬಾಳಿದವರ ಮಾತು. ಒಬ್ಬರ ನೆತ್ತಿಯ ಮೇಲೆ ಇನ್ನೊಬ್ಬರು, ಅವರ ನೆತ್ತಿಯ ಮೇಲೆ ಮತ್ತೊಬ್ಬರು ಎಂದು ಇಪ್ಪತ್ತು ಅಂತಸ್ತುಗಳವರೆಗೆ ಮನೆಗಳನ್ನು ಪೇರಿಸಿಕೊಂಡು ಬದುಕುವ ಇಂದಿನ ಬೆಂಗಳೂರಿನಲ್ಲಿ ಆ ಮಾತನ್ನು ಮತ್ತೊಮ್ಮೆ ವಿಚಾರಮಾಡಬೇಕಾಗಿದೆ. ಅಂತಸ್ತು ಇಪ್ಪತ್ತಾದರೂ ತಾರಸಿ ಒಂದೇ. ಅದರ ಮೇಲೆ ಬೀಳುವ ಬಿಸಿಲು ಯಾರದು?

ಇದು ಬರಿಯ ತರ್ಕದ ಪ್ರಶ್ನೆಯಲ್ಲ. 1954ರಲ್ಲಿ ಅಮೆರಿಕದ ಬೆಲ್ ಪ್ರಯೋಗಶಾಲೆಯವರು ಸಿಲಿಕಾನಿನ ಸೌರಕೋಶವನ್ನು ಲೋಕಕ್ಕೆ ತೋರಿಸಿದಾಗ ಅದು ತನ್ನ ಮೇಲೆ ಬಿದ್ದ ಬೆಳಕಿನಲ್ಲಿ ನೂರಕ್ಕೆ ಸುಮಾರು ಆರು ಪಾಲನ್ನು ಮಾತ್ರ ವಿದ್ಯುತ್ತಾಗಿ ಮಾರ್ಪಡಿಸುತ್ತಿತ್ತು. ಇಂದು ಪೇಟೆಯಲ್ಲಿ ದೊರೆಯುವ ಒಳ್ಳೆಯ ಫಲಕಗಳು ನೂರಕ್ಕೆ ಇಪ್ಪತ್ತು ಪಾಲನ್ನು ಮೀರಿವೆ. 2024ರ ಫೆಬ್ರವರಿಯಲ್ಲಿ ಕೇಂದ್ರ ಸರ್ಕಾರವು ಆರಂಭಿಸಿದ ಸೂರ್ಯಘರ್ ಯೋಜನೆಯು ಒಂದು ಕೋಟಿ ಮನೆಗಳ ಮಾಡಿನ ಮೇಲೆ ಫಲಕ ಕೂಡಿಸುವ ಗುರಿಯನ್ನಿಟ್ಟುಕೊಂಡಿತು. ಹೀಗಾಗಿ ನಮ್ಮ ಎತ್ತರದ ಕಟ್ಟಡಗಳ ನಿವಾಸಿಗಳ ಸಂಘಗಳಲ್ಲೆಲ್ಲ ಈ ಚರ್ಚೆ ನಡೆದಿದೆ.

ಮೊದಲು ಲೆಕ್ಕವನ್ನು ನೋಡೋಣ. ಒಂದು ಕಿಲೋವಾಟ್ ಶಕ್ತಿಯ ಫಲಕಗಳಿಗೆ ಸುಮಾರು 100 ಚದರಡಿ ತಾರಸಿ ಬೇಕು. ನಮ್ಮ ಸೀಮೆಯ ಬಿಸಿಲಿನಲ್ಲಿ ಅವು ದಿನಕ್ಕೆ ಸರಾಸರಿ ನಾಲ್ಕು ಯೂನಿಟ್ ವಿದ್ಯುತ್ತನ್ನು ಕೊಡುತ್ತವೆ. ಒಂಟಿ ಮನೆಯವನು ತನ್ನ ತಾರಸಿಯಲ್ಲಿ 300 ಚದರಡಿಯನ್ನು ಬಿಟ್ಟುಕೊಟ್ಟರೆ ದಿನಕ್ಕೆ ಹನ್ನೆರಡು ಯೂನಿಟ್ ಬಂದು ಸಂಸಾರದ ಖರ್ಚು ಸಾಗಿಹೋಗುತ್ತದೆ. ಈಗ ಅಂತಸ್ತಿಗೆ ನಾಲ್ಕರಂತೆ ಎಂಬತ್ತು ಮನೆಗಳಿರುವ ಇಪ್ಪತ್ತು ಅಂತಸ್ತಿನ ಕಟ್ಟಡವನ್ನು ತೆಗೆದುಕೊಳ್ಳಿ. ತಾರಸಿ 5,000 ಚದರಡಿ ಎನ್ನೋಣ. ನೀರಿನ ತೊಟ್ಟಿ, ಲಿಫ್ಟಿನ ಯಂತ್ರದ ಕೋಣೆ, ಓಡಾಟದ ಜಾಗ, ಇವುಗಳನ್ನು ಕಳೆದರೆ ಅರ್ಧ ಉಳಿದೀತು. ಅಲ್ಲಿ 25 ಕಿಲೋವಾಟ್, ಅಂದರೆ ದಿನಕ್ಕೆ ನೂರು ಯೂನಿಟ್. ಹಂಚಿದರೆ ಮನೆಗೆ ಒಂದೂಕಾಲು ಯೂನಿಟ್! ನಾವು ಸೂರ್ಯನ ಕಡೆಗೆ ಏರಿದಷ್ಟೂ ಸೂರ್ಯನಲ್ಲಿ ನಮ್ಮ ಪಾಲು ಕಡಿಮೆಯಾಗುತ್ತ ಹೋಗುವುದು ವಿಚಿತ್ರವಾದರೂ ನಿಜ.

ಪಾಲು ಕಿರಿದಾದಾಗಲೇ ಜಗಳ ಹಿರಿದಾಗುವುದು. ನಾನು ಹನ್ನೆರಡು ಅಂತಸ್ತಿನ ಕಟ್ಟಡವೊಂದರ ಐದನೆಯ ಅಂತಸ್ತಿನಲ್ಲಿ ವಾಸಿಸುವವನು. ಕರ್ನಾಟಕದಲ್ಲಿ 2007ರಿಂದೀಚೆಗೆ ನಿರ್ದಿಷ್ಟ ವರ್ಗದ ಹೊಸ ಕಟ್ಟಡಗಳಿಗೆ ಬಿಸಿಲಿನಿಂದ ನೀರು ಕಾಯಿಸುವ ಸಾಧನ ಕಡ್ಡಾಯವಾಯಿತಷ್ಟೆ. ನಮ್ಮಲ್ಲಿ ಆ ಬಿಸಿನೀರು ಮೇಲಿನ ಮೂರು ಅಂತಸ್ತುಗಳಿಗೆ ಮಾತ್ರ ಇಳಿಯುತ್ತದೆ. ಇನ್ನೂ ಕೆಳಕ್ಕೆ ತಂದರೆ ಉದ್ದವಾದ ಕೊಳವೆಯಲ್ಲಿ ಆರಿಹೋಗುತ್ತದೆ. ಬಿಸಿ ಬರುವಷ್ಟರಲ್ಲಿ ಬಕೆಟ್ಟುಗಟ್ಟಲೆ ತಣ್ಣೀರು ಮೋರಿಯ ಪಾಲಾಗುತ್ತದೆ. ಫಲಕಗಳ ಮಾತು ಬಂದಾಗ ಮೇಲಿನವರು, “ಬೇಸಗೆಯ ಕಾವನ್ನು ತಾಳುವವರು ನಾವು, ಮಳೆಗಾಲದ ಸೋರಿಕೆಯನ್ನು ಸಹಿಸುವವರು ನಾವು, ಬಿಸಿಲಿನ ಫಲವೂ ನಮಗೇ ಸಲ್ಲಬೇಡವೆ?” ಎಂದರು. ತಳ್ಳಿಹಾಕುವ ಮಾತಲ್ಲ. ಆದರೆ ಫಲಕಗಳ ನೆರಳೇ ತಾರಸಿಯ ಕಾವನ್ನು ತಗ್ಗಿಸುತ್ತದೆ. ಸೋರಿಕೆಯನ್ನು ಸರಿಪಡಿಸುವುದು ಎಲ್ಲರ ಹಣದಿಂದ. ಕಷ್ಟಕ್ಕೆ ಪರಿಹಾರ ಕೊಡುವುದು ಬೇರೆ, ಒಡೆತನ ಕೊಡುವುದು ಬೇರೆ. 1972ರ ಕರ್ನಾಟಕ ಅಪಾರ್ಟ್‌ಮೆಂಟ್ ಒಡೆತನದ ಕಾನೂನು ಕಂಬ, ತೊಲೆ, ಮೆಟ್ಟಿಲುಗಳ ಜೊತೆಗೆ ಛಾವಣಿಯನ್ನೂ ಸಾಮಾನ್ಯ ಸ್ವತ್ತುಗಳಲ್ಲಿ ಎಣಿಸಿದೆ.

ಸಾಮಾನ್ಯ ಸ್ವತ್ತನ್ನು ನಡೆಸುವ ವಿದ್ಯೆ ನಮಗೆ ಹೊಸದಲ್ಲ. ಹಳ್ಳಿಯ ಕೆರೆಯ ನೀರನ್ನು ಯಾರೂ ಬಿಂದಿಗೆಯಲ್ಲಿ ಅಳೆದು ಮನೆಮನೆಗೆ ಹಂಚುತ್ತಿರಲಿಲ್ಲ. ನೀರುಗಂಟಿಯು ಸರದಿಯಂತೆ ತೂಬೆತ್ತಿ ಗದ್ದೆಗಳಿಗೆ ಹಾಯಿಸುತ್ತಿದ್ದ. ತಾರಸಿಯ ನೂರು ಯೂನಿಟ್ಟನ್ನೂ ಎಂಬತ್ತು ಚೂರು ಮಾಡುವ ಬದಲು ಎಲ್ಲರ ಕೆಲಸಕ್ಕೆ ಹಚ್ಚಬೇಕೆಂಬುದು ನನ್ನ ಮತ. ಎಂಬತ್ತು ಮನೆಗಳಿಗೆ ಮನೆಗೆ 500 ಲೀಟರಿನಂತೆ 40,000 ಲೀಟರ್ ನೀರನ್ನು 65 ಮೀಟರ್ ಎತ್ತರಕ್ಕೆ ಏರಿಸಲು, ಪಂಪಿನ ಸೋರುವೆಚ್ಚವನ್ನು ಅರ್ಧಕ್ಕರ್ಧ ಹಿಡಿದರೂ, ಹದಿನಾಲ್ಕು ಹದಿನೈದು ಯೂನಿಟ್ ಸಾಕು. ಮಿಕ್ಕದ್ದು ಮೆಟ್ಟಿಲ ದೀಪಕ್ಕೂ ಲಿಫ್ಟಿಗೂ ಸಂದರೆ ಅದರ ಪ್ರಯೋಜನ ಒಂದನೆಯ ಅಂತಸ್ತಿನ ಮುದುಕಿಗೂ ಮುಟ್ಟುತ್ತದೆ, ಇಪ್ಪತ್ತನೆಯ ಅಂತಸ್ತಿನ ಮಗುವಿಗೂ ಮುಟ್ಟುತ್ತದೆ. ಸೂರ್ಯಘರ್ ಯೋಜನೆಯೂ ವಸತಿ ಸಂಘಗಳ ಇಂಥ ಸಾಮಾನ್ಯ ಸೌಕರ್ಯಗಳಿಗೆಂದು ಕಿಲೋವಾಟಿಗೆ 18,000 ರೂಪಾಯಿಯ ನೆರವನ್ನು ಗೊತ್ತುಮಾಡಿತು.

ತಾರಸಿ ಕಿರಿದಾದರೇನು, ಗೋಡೆ ಹಿರಿದಾಗಿಲ್ಲವೆ ಎಂದು ಯಾರಾದರೂ ಕೇಳಬಹುದು. ಇಂಗ್ಲೆಂಡಿನ ಮ್ಯಾಂಚೆಸ್ಟರಿನಲ್ಲಿ 1962ರಲ್ಲಿ ಕಟ್ಟಿದ ಸಿ.ಐ.ಎಸ್. ಗೋಪುರದ ಹಳೆಯ ಬಿಲ್ಲೆಗಳು ಉದುರತೊಡಗಿದಾಗ, ಈ ಶತಮಾನದ ಆರಂಭದಲ್ಲಿ, ಏಳು ಸಾವಿರಕ್ಕೂ ಹೆಚ್ಚು ಸೌರಫಲಕಗಳನ್ನು ಅದಕ್ಕೆ ಹೊದಿಸಿದರು. ಆದರೆ ಆ ಊರು ಉತ್ತರಕ್ಕೆ 53 ಡಿಗ್ರಿಯಾಚೆ ಇದೆ. ಅಲ್ಲಿಯ ಸೂರ್ಯ ಎಂದೂ ನೆತ್ತಿಗೆ ಬಾರದೆ ಓರೆಯಾಗಿ ಗೋಡೆಯನ್ನೇ ನೋಡುತ್ತಾನೆ. ಬೆಂಗಳೂರು ಇರುವುದು 13 ಡಿಗ್ರಿಯಲ್ಲಿ. ಏಪ್ರಿಲ್ ಕೊನೆಯಲ್ಲೊಮ್ಮೆ, ಆಗಸ್ಟ್ ನಡುವಿನಲ್ಲೊಮ್ಮೆ ಸೂರ್ಯ ನಮ್ಮ ನೆತ್ತಿಯ ಮೇಲೆಯೇ ನಿಲ್ಲುತ್ತಾನೆ. ನಡುವಣ ತಿಂಗಳುಗಳಲ್ಲಿ ನಡುಹಗಲು ಉತ್ತರದ ಕಡೆಗೆ ಇರುತ್ತಾನೆ. ಆಗ ತೆಂಕಣ ಗೋಡೆಗೆ ನೇರ ಬಿಸಿಲೇ ಇಲ್ಲ. ಪರದೇಶದ ಗೋಡೆಯನ್ನು ನಕಲುಮಾಡುವುದಕ್ಕಿಂತ, ಪಡುವಣ ಕಿಟಕಿಗಳ ಮೇಲಿನ ಸಜ್ಜವನ್ನೇ ಫಲಕದಿಂದ ಮಾಡುವುದು ಲೇಸು. ವಿದ್ಯುತ್ತು ಕೊಂಚವಾದರೂ ಬಂದೀತು, ಒಳಗಿನ ಸೆಕೆಯೂ ಇಳಿದೀತು.

ಇನ್ನೊಂದು ಮಾತನ್ನು ನಗರವನ್ನು ಆಳುವವರ ಮುಂದಿಡಬೇಕಾಗಿದೆ. ಎತ್ತರದ ಕಟ್ಟಡ ತನ್ನ ಬಿಸಿಲನ್ನು ಕಳೆದುಕೊಳ್ಳುವುದಷ್ಟೇ ಅಲ್ಲ, ನೆರೆಯವನ ಬಿಸಿಲನ್ನೂ ಕಸಿಯುತ್ತದೆ. ಸರಪಣಿಯಂತೆ ಜೋಡಿಸಿದ ಫಲಕಗಳಲ್ಲಿ ಒಂದರ ಮೇಲೆ ನೆರಳು ಬಿದ್ದರೂ ಮಿಕ್ಕವುಗಳ ಉತ್ಪತ್ತಿ ಕುಂದಬಹುದು. ಸಾಲಮಾಡಿ ತಾರಸಿಗೆ ಫಲಕ ಹಾಕಿಸಿದ ಗೃಹಸ್ಥನ ಮಗ್ಗುಲಲ್ಲಿ ನಾಳೆ ಹದಿನೈದು ಅಂತಸ್ತು ಎದ್ದುನಿಂತರೆ ಅವನ ಗತಿಯೇನು? 1882ರ ಭಾರತೀಯ ಅನುಭೋಗ ಹಕ್ಕುಗಳ ಕಾನೂನು ಇಪ್ಪತ್ತು ವರ್ಷ ನಿರಾತಂಕವಾಗಿ ಅನುಭವಿಸಿದ ಬೆಳಕಿಗೆ ಮಾನ್ಯತೆ ಕೊಡುತ್ತದೆ. ಕಿಟಕಿಯ ಕಾಲಕ್ಕೆ ಅದು ಸರಿ. ಫಲಕದ ಆಯುಸ್ಸೇ ಸುಮಾರು ಇಪ್ಪತ್ತೈದು ವರ್ಷ. ಹೊಸ ಕಟ್ಟಡದ ನಕ್ಷೆಗೆ ಮಂಜೂರಾತಿ ಕೊಡುವಾಗ ಅದರ ನೆರಳಿನ ನಕ್ಷೆಯನ್ನೂ ಕೇಳತಕ್ಕದ್ದು. ನೆರಳಿನಿಂದ ನಷ್ಟಪಟ್ಟವನಿಗೆ ಪರಿಹಾರ ಸಲ್ಲತಕ್ಕದ್ದು.

ಇಷ್ಟನ್ನೆಲ್ಲ ಮಾಡಿದರೂ ಎತ್ತರದ ಮನೆ ತನ್ನ ಬಿಸಿಲಿನಿಂದಲೇ ಬದುಕಲಾರದು. 1905ರಲ್ಲಿ ಬೆಂಗಳೂರಿನ ಬೀದಿಗಳು ಬೆಳಗಿದ್ದು ಶಿವನಸಮುದ್ರದ ಕಾವೇರಿಯಿಂದ. ಇಂದು ಪಾವಗಡದ ಬರಡು ಸೀಮೆಯಲ್ಲಿ ರೈತರಿಂದ ಗೇಣಿಗೆ ಪಡೆದ ಸುಮಾರು 13,000 ಎಕರೆಯ ಮೇಲೆ 2,050 ಮೆಗಾವಾಟಿನ ಫಲಕಗಳು ಹರಡಿವೆ. ಅಂಥ ದೂರದ ನೆಲದ ಋಣ ನಮ್ಮ ಮೇಲಿದೆ. ತಾರಸಿಯ ಮೇಲೆ ನಾಲ್ಕು ಫಲಕ ಹಾಕಿ ‘ಸೌರಭವನ’ವೆಂದು ಬೋರ್ಡು ತೂಗುಹಾಕುವವರು ಇದನ್ನು ಮರೆಯಬಾರದು. ಇರುವಷ್ಟು ಬಿಸಿಲನ್ನು ಹಂಚಿ ಉಣ್ಣುವುದು, ನೆರೆಯವನದನ್ನು ಕಸಿಯದಿರುವುದು, ದೂರದಿಂದ ಬಂದುದನ್ನು ಹಿತಮಿತವಾಗಿ ಬಳಸುವುದು, ಈ ಮೂರು ನಡೆದರೆ ಸೂರ್ಯನು ಎಲ್ಲರವನೆಂಬ ಹಳೆಯ ಮಾತು ಇಪ್ಪತ್ತನೆಯ ಅಂತಸ್ತಿನಲ್ಲಿಯೂ ಸಲ್ಲುತ್ತದೆ.