ಗತ್ತಿನ ಜೊತೆಗೊಂದು ತುಂಟನಗೆ



ಬಂಗಾರಪೇಟೆಯ ಪಾನಿಪುರಿ ತಿಂದಿದ್ದೀರಾ? ಅಲ್ಲಿನ ಪಾನಿಗೆ ಬಣ್ಣವಿಲ್ಲ, ಬರೀ ನೀರಿನಂಥ ತಿಳಿ. ಸಪ್ಪೆ ಇರಬೇಕು ಅಂತ ಬಾಯಿಗೆ ಹಾಕಿದಿರೋ, ಖಾರ ನೆತ್ತಿಗೇರುತ್ತೆ! ಮಾಡೆಲಿಂಗ್‌ನಿಂದ ಬಂದ ನಟಿಯರ ಮಾತು ಬಂದಾಗಲೆಲ್ಲ ನನಗೆ ಈ ಪಾನಿಯೇ ನೆನಪಾಗುತ್ತೆ. ಹೊರಗೆ ಗತ್ತು, ಒಳಗೆ ತುಂಟತನ. ಎರಡರಲ್ಲಿ ಒಂದು ಕಮ್ಮಿಯಾದರೂ ನಾವು ತಟ್ಟೆ ಪಕ್ಕಕ್ಕೆ ಸರಿಸ್ತೀವಿ.

ಈ ವಾರದ ಮಾತು ಶ್ರೀನಿಧಿ ಶೆಟ್ಟಿಯವರದು. ಮಂಗಳೂರು ಕಡೆಯ ಹುಡುಗಿ, ಬೆಂಗಳೂರಿನಲ್ಲಿ ಎಂಜಿನಿಯರಿಂಗ್ ಓದಿದಾಕೆ. 2016ರ ಡಿಸೆಂಬರ್‌ನಲ್ಲಿ ಪೋಲೆಂಡ್ ದೇಶದಲ್ಲಿ ಮಿಸ್ ಸುಪ್ರಾನ್ಯಾಷನಲ್ ಕಿರೀಟ ಗೆದ್ದರು. ಅದಕ್ಕೆ ಎರಡು ವರ್ಷ ಮೊದಲು, 2014ರಲ್ಲಿ, ಅದೇ ಕಿರೀಟ ತೊಟ್ಟವರು ನಮ್ಮ ಭದ್ರಾವತಿಯ ಆಶಾ ಭಟ್. ಇಬ್ಬರೂ ಕನ್ನಡ ನಾಡಿನವರು. ಹೆಮ್ಮೆ ಅಲ್ಲವೇ ಮತ್ತೆ!

ಈ ಕಸುಬಿನ ಗುಟ್ಟು ಸ್ವಲ್ಪ ಕೇಳಿ. ರ‍್ಯಾಂಪ್ ಮೇಲೆ ನಡೆಯುವಾಗ ಮಾಡೆಲ್ ಸಾಮಾನ್ಯವಾಗಿ ನಗುವುದಿಲ್ಲ. ಯಾಕಂತೀರಿ? ಅಲ್ಲಿ ಮಾರಬೇಕಾದ್ದು ಬಟ್ಟೆ. ನೋಡುವವರ ಕಣ್ಣು ಮುಖದ ಮೇಲೆ ನಿಂತರೆ ಬಟ್ಟೆ ಹಿಂದೆ ಬಿತ್ತು! ಆದರೆ ಸೌಂದರ್ಯ ಸ್ಪರ್ಧೆಯ ಲೆಕ್ಕ ಬೇರೆ. ಅಲ್ಲಿ ಗೌನ್ ತೊಟ್ಟು ಗಂಭೀರವಾಗಿ ನಡೀಬೇಕು, ಮರುಕ್ಷಣ ಮೈಕ್ ಹಿಡಿದು ನಗುನಗುತ್ತಾ ಉತ್ತರ ಹೇಳಬೇಕು. ಆ ನಗುವಿಗೂ ತಾಲೀಮು ಬೇಕು ಸ್ವಾಮಿ. ನಮ್ಮ ಕೆ.ಜಿ.ಎಫ್. ಗಣಿಯಲ್ಲಿ ಟನ್‌ಗಟ್ಟಲೆ ಕಲ್ಲು ಪುಡಿ ಮಾಡಿದರೆ ಕೆಲವೇ ಗ್ರಾಂ ಚಿನ್ನ. ‘ಆಹಾ, ಎಷ್ಟು ಸಹಜ!’ ಅಂತ ನಾವು ಗೋಡೆಗೆ ಅಂಟಿಸುವ ಫೋಟೋ ಕೂಡ ಹಾಗೇ ನೂರರಲ್ಲಿ ಆರಿಸಿದ್ದು.

ಆಮೇಲೆ ಬಂತು ಪ್ರಶಾಂತ್ ನೀಲ್ ನಿರ್ದೇಶನದ ‘ಕೆ.ಜಿ.ಎಫ್.’ ಮೊದಲ ಭಾಗ 2018ರ ಡಿಸೆಂಬರ್ 21ಕ್ಕೆ, ಎರಡನೆಯದು 2022ರ ಏಪ್ರಿಲ್ 14ಕ್ಕೆ. ಗಣಿ ಪುಡಿಯಿಂದಲೇ ಎದ್ದ ನಮ್ಮ ಸೈನೈಡ್ ಗುಡ್ಡದಲ್ಲೂ ಶೂಟಿಂಗ್ ನಡೀತು. 2001ರ ಫೆಬ್ರವರಿ 28ಕ್ಕೆ ಗಣಿ ಮುಚ್ಚಿದ ಮೇಲೆ ಮಂಕಾಗಿದ್ದ ಊರ ಹೆಸರು ದೇಶಕ್ಕೆಲ್ಲಾ ಕೇಳಿಸಿತು. ಯಶ್ ಎದುರು ರೀನಾ ಆಗಿ ಬಂದವರು ಶ್ರೀನಿಧಿ. ಅದೇ ಅವರ ಮೊದಲ ಚಿತ್ರ. ಗತ್ತಿನ ಪಾತ್ರ, ಬಿಗಿದ ಮುಖ.

ಥಿಯೇಟರಿನಿಂದ ಹೊರಗೆ ಬಂದ ನಮ್ಮ ಗುಂಪಿನವನೊಬ್ಬ ಅಂದ, ‘ಏನ್ ಮಚ್ಚಾ, ಭಾರೀ ತಿಮಿರು ಇವಳಿಗೆ.’ ಅವನೇ ಮುಂದೊಂದು ದಿನ ಮೊಬೈಲಿನಲ್ಲಿ ಆಕೆ ಮನಸಾರೆ ನಗ್ತಾ ಇರೋ ವಿಡಿಯೋ ನೋಡಿ, ‘ಸ್ವಲ್ಪ ಚೆಲ್ಲು ಕಣೋ’ ಅಂದ! ಗಂಭೀರವಾಗಿದ್ದರೆ ತಿಮಿರು, ನಕ್ಕರೆ ಚೆಲ್ಲು. ಹಾಗಾದರೆ ಆಕೆ ಇರೋದಾದರೂ ಹೇಗೆ?

ಅವನನ್ನು ಬೈಯೋ ಯೋಗ್ಯತೆ ನನಗಿಲ್ಲ ಮಿತ್ರರೇ. ಪಿ.ಯು.ಸಿ. ಅರ್ಧಕ್ಕೆ ಬಿಟ್ಟು ಬಸ್ ಸ್ಟ್ಯಾಂಡಿನಲ್ಲಿ ಕಾಲ ಕಳೀತಿದ್ದ ದಿನಗಳು. ನನ್ನ ಚಿಕ್ಕಮ್ಮನ ಮಗಳು ಕಾಲೇಜ್ ಡೇ ಫ್ಯಾಷನ್ ಶೋಗೆ ಅಮ್ಮನ ಹಳೇ ರೇಷ್ಮೆ ಸೀರೆಯಲ್ಲಿ ತಾನೇ ಗೌನ್ ಹೊಲಿದುಕೊಂಡಿದ್ದಳು. ರಾಣಿ ಹಾಗೆ ನಡೆದು ಬಂದು, ವೇದಿಕೆ ತುದಿಯಲ್ಲಿ ನಿಂತು, ಒಂದೇ ಒಂದು ಕ್ಷಣ ನಾಲಗೆ ಚಾಚಿ ಅಣಕಿಸಿದಳು. ಸಭೆಯೆಲ್ಲಾ ಚಪ್ಪಾಳೆ! ಗತ್ತು, ತುಂಟತನ ಎರಡೂ ಸೇರಿದ್ದನ್ನು ನಾನು ಮೊದಲು ಕಂಡಿದ್ದು ಅಲ್ಲೇ, ಯಾವ ಸಿನಿಮಾದಲ್ಲೂ ಅಲ್ಲ. ಅಷ್ಟರಲ್ಲಿ ಹಿಂದಿನ ಸಾಲಿನಿಂದ ನಮ್ಮ ಗುಂಪಿನವರು ಒಂದು ಕೊಳಕು ಮಾತು ಕೂಗಿದರು. ನಾನು ಕೂಗಲಿಲ್ಲ. ಆದರೆ ನಕ್ಕೆ.

ಬಂಗಾರಪೇಟೆಗೆ ವಾಪಸ್ ಬರುವಾಗ ರೈಲಿನಲ್ಲಿ ಕೇಳಿದಳು, ‘ಅಣ್ಣಾ, ನೀನೂ ನಕ್ಕೆ ಅಲ್ವಾ?’

ಆಮೇಲೆ ಆಕೆ ವೇದಿಕೆ ಹತ್ತಲಿಲ್ಲ. ಈಗ ಬೆಳಗಿನ ರೈಲಿಗೆ ಬೆಂಗಳೂರಿಗೆ ಹೋಗ್ತಾಳೆ, ಗಾರ್ಮೆಂಟ್ಸ್‌ನಲ್ಲಿ ಬೇರೆಯವರ ಉಡುಪು ಹೊಲೀತಾಳೆ.

ಶ್ರೀನಿಧಿ ಅವರಿಗೆ ನಮ್ಮ ಮಾತು ತಾಗಿದಂತಿಲ್ಲ. 2025ರಲ್ಲಿ ನಾನಿ ಜೊತೆ ತೆಲುಗಿನ ‘ಹಿಟ್: ದಿ ಥರ್ಡ್ ಕೇಸ್’ ಮಾಡಿದರು, ತಮ್ಮ ಪಾಡಿಗೆ ನಡೀತಾ ಇದ್ದಾರೆ. ಸಂತೋಷ. ಆದರೆ ನಮ್ಮೂರಿನ ಕಾಲೇಜ್ ವೇದಿಕೆಯ ಹುಡುಗಿಗೆ ಕಿರೀಟದ ಕಾವಲಿಲ್ಲ. ಅವಳಿಗಿರೋದು ಹಿಂದಿನ ಸಾಲಿನ ನಾವು.

ಶಿಳ್ಳೆ ಹೊಡೀರಿ, ಬೇಡ ಅನ್ನಲ್ಲ. ಸಿನಿಮಾ ಹುಚ್ಚರು ನಾವು, ಶಿಳ್ಳೆ ಬಿಟ್ಟು ಬದುಕೋದು ಹೇಗೆ? ಆದರೆ ಅವಳು ನಕ್ಕಾಗ ಅವಳ ಜೊತೆ ನಗಿ, ಅವಳನ್ನು ನೋಡಿ ನಗಬೇಡಿ. ಆ ವ್ಯತ್ಯಾಸ ತಿಳಿಯೋಕೆ ನನಗೆ ಹತ್ತು ವರ್ಷ ಬೇಕಾಯ್ತು. ನಿಮಗೆ ಒಂದು ರೈಲು ಪ್ರಯಾಣ ಸಾಕಾಗಲಿ.

ಮುಂದಿನ ವಾರ ಮತ್ತೆ ಸಿಗೋಣ.