ಮೊದಲ ಚುನಾವಣೆಯ ಮರುದಿನ

2024ರ ಡಿಸೆಂಬರ್ 3ರ ರಾತ್ರಿ ದಕ್ಷಿಣ ಕೊರಿಯಾದ ಅಧ್ಯಕ್ಷ ಯೂನ್ ಸುಕ್ ಯೋಲ್ ಟಿವಿಯಲ್ಲಿ ಕಾಣಿಸಿಕೊಂಡು ದೇಶದಲ್ಲಿ ಸೇನಾಡಳಿತ ಹೇರಿದರು. ಸೈನಿಕರು ಹೆಲಿಕಾಪ್ಟರಿನಲ್ಲಿ ಸಂಸತ್ತಿನ ಆವರಣಕ್ಕೇ ಬಂದಿಳಿದರು. ಜನ ಗೇಟಿನ ಮುಂದೆ ಜಮಾಯಿಸಿದರು, ಸಂಸದರು ಬೇಲಿ ಹತ್ತಿ ಒಳಹೊಕ್ಕರು. ಹಾಜರಿದ್ದ 190 ಸದಸ್ಯರೂ ಸೇನಾಡಳಿತದ ವಿರುದ್ಧ ಮತ ಹಾಕಿದರು. ಬೆಳಕು ಹರಿಯುವ ಮೊದಲೇ ಆದೇಶ ವಾಪಸಾಯಿತು.

ಸಂಸತ್ತು ಬಹುಮತದಿಂದ ಕೇಳಿದರೆ ಅಧ್ಯಕ್ಷರು ಸೇನಾಡಳಿತ ತೆಗೆಯಲೇಬೇಕು ಎಂಬ ವಿಧಿ 1980ರಲ್ಲೂ ದೇಶದ ಸಂವಿಧಾನದಲ್ಲಿತ್ತು. ಆಗ ದಂಗೆಯೆದ್ದು ಅಧಿಕಾರ ಹಿಡಿದಿದ್ದ ಜನರಲ್ ಚುನ್ ಡೂ ಹ್ವಾನ್ ಕಡೆಯ ಸೈನಿಕರು ಸಂಸದರನ್ನು ಒಳಗೇ ಬಿಡಲಿಲ್ಲ. ಗ್ವಾಂಗ್ಜು ನಗರದಲ್ಲಿ ಪ್ರತಿಭಟಿಸಿದವರ ಮೇಲೆ ಗುಂಡು ಹಾರಿಸಿದರು. ಅಂದು ಸತ್ತಂತಿದ್ದ ವಿಧಿಗೆ 44 ವರ್ಷಗಳ ಮೇಲೆ ಜೀವ ಬಂದದ್ದು ಹೇಗೆ?

ಅದಕ್ಕೆ ಜೀವ ತುಂಬುವ ಕೆಲಸ 1987ರಲ್ಲಿ ಶುರುವಾಯಿತು. ಆ ಜನವರಿಯಲ್ಲಿ ಪಾರ್ಕ್ ಜಾಂಗ್ ಚುಲ್ ಎಂಬ ವಿದ್ಯಾರ್ಥಿ ಪೊಲೀಸರ ಚಿತ್ರಹಿಂಸೆಗೆ ಬಲಿಯಾದ. ಮೇಜು ಗುದ್ದಿದ ಸದ್ದಿಗೇ ಸತ್ತ ಎಂದು ಪೊಲೀಸರು ಕಥೆ ಕಟ್ಟಿದರು. ಜೂನ್‌ನಲ್ಲಿ ವಿದ್ಯಾರ್ಥಿಗಳ ಜೊತೆ ಕಚೇರಿ ನೌಕರರೂ ಬೀದಿಗಿಳಿದರು. ಚುನ್ ಸರ್ಕಾರ ಮಣಿಯಿತು, ಅಧ್ಯಕ್ಷರನ್ನು ಜನರೇ ನೇರವಾಗಿ ಆರಿಸುವ ಹಕ್ಕು ಸಿಕ್ಕಿತು.

ಆದರೆ ಡಿಸೆಂಬರಿನ ಚುನಾವಣೆಯಲ್ಲಿ ವಿರೋಧ ಪಕ್ಷದ ಇಬ್ಬರು ನಾಯಕರು, ಕಿಮ್ ಯಂಗ್ ಸ್ಯಾಮ್ ಮತ್ತು ಕಿಮ್ ಡೇ ಜಂಗ್, ಬೇರೆ ಬೇರೆಯಾಗಿ ನಿಂತರು. ಮತ ಒಡೆಯಿತು. ಚುನ್‌ರ ಒಡನಾಡಿ, ಮಾಜಿ ಜನರಲ್ ರೋ ಟೇ ವೂ ಶೇ 37ರಷ್ಟೂ ಮತವಿಲ್ಲದೆ ಗೆದ್ದರು. ರಕ್ತ ಸುರಿಸಿದವರಿಗೆ ಇದಕ್ಕಿಂತ ದೊಡ್ಡ ನಿರಾಸೆ ಇನ್ನೇನಿರಲು ಸಾಧ್ಯ?

ಆದರೂ ಕೆಲಸ ನಿಲ್ಲಲಿಲ್ಲ. 1988ರಲ್ಲಿ ಸಾಂವಿಧಾನಿಕ ನ್ಯಾಯಾಲಯ ಬಂತು. 1993ರಲ್ಲಿ ಅಧ್ಯಕ್ಷರಾದ ಕಿಮ್ ಯಂಗ್ ಸ್ಯಾಮ್, ಸೇನೆಯೊಳಗೆ ಬೇರುಬಿಟ್ಟಿದ್ದ 'ಹನಾಹ್ವೆ' ಎಂಬ ಗುಪ್ತಕೂಟದ ಅಧಿಕಾರಿಗಳನ್ನು ಕಿತ್ತುಹಾಕಿದರು. 1996ರಲ್ಲಿ ಚುನ್ ಮತ್ತು ರೋ ಇಬ್ಬರೂ ಕಟಕಟೆಯಲ್ಲಿ ನಿಂತು ಶಿಕ್ಷೆ ಕೇಳಿಸಿಕೊಂಡರು. ಮರುವರ್ಷ ಕ್ಷಮಾದಾನ ಸಿಕ್ಕಿತು, ನಿಜ. ಆದರೆ ದಂಗೆಯೆದ್ದು ಗದ್ದುಗೆ ಹಿಡಿದವರೂ ಅಪರಾಧಿಗಳೇ ಎಂಬ ತೀರ್ಪು ದಾಖಲೆಯಲ್ಲಿ ಉಳಿಯಿತು. 2025ರ ಏಪ್ರಿಲ್‌ನಲ್ಲಿ ಯೂನ್‌ರನ್ನು ಒಮ್ಮತದಿಂದ ಪದಚ್ಯುತಗೊಳಿಸಿದ್ದು ಆ ಸಾಂವಿಧಾನಿಕ ನ್ಯಾಯಾಲಯವೇ.

ಸರ್ವಾಧಿಕಾರಿ ಇಳಿದ ದಿನ ಪಟಾಕಿ ಹೊಡೆದು, ಮೊದಲ ಚುನಾವಣೆ ಕೈಕೊಟ್ಟಾಗ ಮನೆ ಸೇರುವ ಜನರನ್ನು ಹಳೆಯ ಆಡಳಿತ ಸುಲಭವಾಗಿ ಗೆಲ್ಲುತ್ತದೆ. ಕೊರಿಯನ್ನರು ಮನೆ ಸೇರಲಿಲ್ಲ. ಸೇನೆ, ನ್ಯಾಯಾಲಯ, ಸಂಸತ್ತು ಎಲ್ಲವನ್ನೂ ವರ್ಷಗಟ್ಟಲೆ ಪಟ್ಟುಹಿಡಿದು ತಮ್ಮದಾಗಿಸಿಕೊಂಡರು. ಸೋತ ಚುನಾವಣೆಯ ಮರುದಿನವೂ ಕೆಲಸಕ್ಕಿಳಿಯುವ ಪ್ರಜೆಗಳಿದ್ದಲ್ಲಿ ಮಾತ್ರ ಸಂವಿಧಾನದ ಮಾತು ನಡೆಯುತ್ತದೆ.